ನಡುಬಾಗಿಲಿನ ಬೀಗ

ಅಪ್ಪಾ,

ಅತ್ತೆಯ ಮೇಲೆ ನೀನು ಹಾಕಿದ್ದ ನ್ಯಾಯಾಂಗ ನಿಂದನೆ ಕೇಸು ಇವತ್ತು ಮುಗಿಯಿತು. ನಿನಗೆ ಹೇಳದೆ ಇರಲು ಮನಸ್ಸು ಬರಲಿಲ್ಲ.

ಜೈಲಾಗಬಹುದೆಂದು ವಕೀಲರು ಹೆದರಿಸಿದ್ದರಂತೆ. ಅತ್ತೆ ಬಟ್ಟೆ, ಮಾತ್ರೆ ಎಲ್ಲ ಚೀಲಕ್ಕೆ ತುಂಬಿಕೊಂಡೇ ಬಂದಿದ್ದಳು.

"ಮನೆ ಪಾಲಾಗೋವರೆಗೂ ನಡುಬಾಗಿಲಿನ ಬೀಗ ಮುಟ್ಟಬಾರದು ಅಂತ ಆಜ್ಞೆ ಇತ್ತಲ್ಲ, ಯಾಕಮ್ಮ ಒಡೆದ್ರಿ?" ಎಂದು ನ್ಯಾಯಾಧೀಶರು ಕೇಳಿದರು.

"ಆ ಕಡೆ ಅಣ್ಣ ಬಿದ್ದ ಸದ್ದು ಕೇಳಿಸ್ತು ಸ್ವಾಮಿ. ಕರೆದೆ, ಮಾತಾಡ್ಲಿಲ್ಲ. ನಾವಿಬ್ಬರೂ ಮಾತು ಬಿಟ್ಟು ವರ್ಷಗಳಾಗಿತ್ತು, ಸಿಟ್ಟಿಗೆ ಸುಮ್ಮನಿದಾನೇನೋ ಅಂತ ಇನ್ನೊಂದು ಸಲ ಕರೆದೆ. ಆಮೇಲೆ ಸುತ್ತಿಗೆ ತಗೊಂಡೆ."

ಕೆಲವರು ನಕ್ಕರು. ಅತ್ತೆ ನಗಲಿಲ್ಲ.

ನೀನು ತೀರಿಕೊಂಡಿದ್ದರಿಂದ, ನಿನ್ನ ಬದಲಿಗೆ ಕೇಸು ಮುಂದುವರಿಸುತ್ತೀರಾ ಎಂದು ನನ್ನನ್ನು ಕೇಳಿದರು. ಬೇಡವೆಂದು ತಲೆಯಾಡಿಸಿದೆ. "ಬಾಯಿಬಿಟ್ಟು ಹೇಳಿ" ಎಂದರು.

"ಬೇಡ ಸ್ವಾಮಿ. ಅವತ್ತು ಅತ್ತೆ ಬರದಿದ್ರೆ ಅಪ್ಪ ಆಸ್ಪತ್ರೆಗೂ ಹೋಗ್ತಿರಲಿಲ್ಲ, ಬದುಕಿ ಬಂದು ಈ ಕೇಸೂ ಹಾಕ್ತಿರಲಿಲ್ಲ."

ಅತ್ತೆ ಕ್ಷಮೆ ಕೇಳಿದಳು, ಕೇಸು ಮುಗಿಸಿದರು. ಆದರೆ ಆ ಆಜ್ಞೆ ಹಾಗೇ ಇದೆ. ಬರುವ ದಾರಿಯಲ್ಲಿ ಇಬ್ಬರೂ ಸೇರಿ ಹೊಸ ಬೀಗ ಕೊಂಡೆವು. ಬೀಗ ಒಡೆದ ಮೇಲೆ ಬಾಗಿಲಿಗೆ ನೀನು ಬಿಗಿದಿದ್ದ ಹಗ್ಗ ಬಿಚ್ಚಿ ನಾನು ಬಾಗಿಲು ಒತ್ತಿ ಹಿಡಿದೆ, ಅತ್ತೆ ಆ ಕಡೆಯಿಂದ ಬೀಗ ಹಾಕಿದಳು.

ಆಸ್ಪತ್ರೆಯಿಂದ ಬಂದ ಮೇಲೆ ನೀನು ಇದ್ದಷ್ಟು ದಿನವೂ ಅವಳು ಈ ಬಾಗಿಲ ಪಕ್ಕದಲ್ಲೇ ಕೂತಿರುತ್ತಿದ್ದಳಂತೆ. ನೀನು ಕೆಮ್ಮಿದರೆ ಅವಳಿಗೆ ಸಮಾಧಾನವಾಗುತ್ತಿತ್ತಂತೆ.

ಈಗಷ್ಟೇ ಆ ಕಡೆ ಕುರ್ಚಿ ಎಳೆದ ಸದ್ದಾಯಿತು.

ನಾನು ಕೆಮ್ಮಿದೆ.