ಟೀ ಮೇಜಿನ ಎಚ್ಚರಿಕೆ

ಬ್ಲೈನ್‌ಹೆಲಿಗ್, ದಕ್ಷಿಣ ವೇಲ್ಸ್
ನವೆಂಬರ್ 8, 1931, ಭಾನುವಾರ

ಪ್ರೀತಿಯ ತಮ್ಮ ಎಮ್ರಿಸ್,

ನಿನ್ನ ಕೆಮ್ಮು ಹೇಗಿದೆ? ಲಂಡನ್ನಿನ ಮಂಜು ಯಾಕೆ ಕಟ್ಟುತ್ತದೆಂದು ಲೆಕ್ಕ ಹಾಕಿ ತೋರಿಸಿದವನಿಗೆ ಕುತ್ತಿಗೆಗೆ ಉಣ್ಣೆಬಟ್ಟೆ ಸುತ್ತಿಕೋ ಎಂದು ಹೇಳಬೇಕಾಗಿಲ್ಲ. ಆದರೂ ಅಮ್ಮ ಹೇಳು ಎಂದಳು, ಹೇಳಿದ್ದೇನೆ. ಅವಳ ಮಂಡಿನೋವು ಬಿಟ್ಟರೆ ಆರೋಗ್ಯವಾಗಿದ್ದಾಳೆ. ಈಗಷ್ಟೇ ಪ್ರಾರ್ಥನೆ ಮುಗಿಸಿ ಬಂದೆವು. ನಮ್ಮ ಬೆಂಚಿನಲ್ಲಿ ಬೇಕಾದಷ್ಟು ಜಾಗವಿತ್ತು, ಯಾರೂ ಬಂದು ಕೂರಲಿಲ್ಲ.

ಗಣಿಯ ಸ್ಫೋಟಕ್ಕೆ ನೀನು ಬರೆದ ಸಂತಾಪದ ಕಾಗದ ತಲುಪಿತು. ಸಿಟ್ಟಿನಲ್ಲಿ ಉತ್ತರ ಬರೆಯಬಾರದೆಂದು ಶಾಲೆಯ ಹುಡುಗಿಯರಿಗೆ ಹೇಳುವವಳು ನಾನೇ ಆದ್ದರಿಂದ ಅದನ್ನು ಎತ್ತಿಟ್ಟೆ. ಸಿಟ್ಟು ಇಳಿಯಲಿಲ್ಲ. ಗಂಡನ ಮೇಲಿನ ಮಮತೆಗೆ ತಮ್ಮನ ಮೇಲೆ ಹರಿಹಾಯುತ್ತಿದ್ದೇನೆಯೇ ಎಂದೂ ಕೇಳಿಕೊಂಡೆ. ಇದ್ದರೂ ಇರಬಹುದು. ಆದರೆ ‘ದುರಂತಕ್ಕೆ ವಾಯುಭಾರದ ಇಳಿತವೊಂದೇ ಕಾರಣವೆನ್ನಲಾಗದು’ ಎಂದು ಬರೆದಿದ್ದೀಯಲ್ಲ, ಆ ವಾಕ್ಯವನ್ನು ಸತ್ತ ಹವೆಲ್‌ನ ಹೆಂಡತಿಗೆ ನಾನು ಹೇಗೆ ಓದಿ ಹೇಳಲಿ? ಅವನ ಮುಖ ನೋಡಲು ಅವಳನ್ನು ಬಿಡಲೇ ಇಲ್ಲ, ಅಷ್ಟು ಸುಟ್ಟಿತ್ತು.

ಜೂನ್‌ನಲ್ಲಿ ನೀನು ಬಂದದ್ದನ್ನು ನೆನಪಿಸಿಕೋ. ಇದೇ ಗಣಿಯಲ್ಲಿ ಕಲ್ಲಿದ್ದಲು ಕಡಿದವನ ಮಗ, ವಿದ್ಯಾರ್ಥಿವೇತನದ ಮೇಲೆ ಕೇಂಬ್ರಿಜ್ ಮುಟ್ಟಿದವನು, ಯುದ್ಧದಲ್ಲಿ ಫಿರಂಗಿಗಳಿಗೆ ಗಾಳಿಯ ಲೆಕ್ಕ ಕೊಟ್ಟವನು, ಈಗ ಹವಾಮಾನ ಕಚೇರಿಯ ದೊಡ್ಡ ಕುರ್ಚಿಯಲ್ಲಿ ಕೂತವನು. ಕಾರ್ಮಿಕರ ಸಭಾಂಗಣದಲ್ಲಿ ನಿಲ್ಲಲೂ ಜಾಗವಿರಲಿಲ್ಲ. ನೀನು ಇಂಗ್ಲಿಷ್ ಬಿಟ್ಟು ನಮ್ಮ ವೆಲ್ಷ್ ಮಾತಿನಲ್ಲೇ ಭಾಷಣ ಮಾಡಿದೆ, ಮುದುಕರು ಕಣ್ಣೊರೆಸಿಕೊಂಡರು. ಆಮೇಲೆ ನಗಿಸಿದೆ: “ಪಾದರಸ ಒಂದು ಎಳೆ ಇಳಿದ್ರೆ ಸಾಕು, ನಮ್ಮ ಅಪ್ಪಂದಿರು ಮುದುಕೀರ ಹಾಗೆ ಮನೆ ಸೇರ್ಕೊಳ್ಳೋರು! ಅದು ಕೆಳಗಿದೆ ಅಂತ ಹೆದರ್ಬೇಡ್ರಪ್ಪಾ.” ನಿನ್ನ ಭಾವ ಗೆಥಿನ್ ಕೂಡ ನಕ್ಕರು. ಗಣಿಬಾಯಿಯಲ್ಲಿ ದಿನ ಬೆಳಗ್ಗೆ ವಾಯುಭಾರ ಮಾಪಕದ ಪಾದರಸ ನೋಡಿ, ಇಳಿದಿದ್ದರೆ ಹಳೆಯ ಸುರಂಗದಲ್ಲಿ ಬೆಂಕಿ ಹತ್ತುವ ಅನಿಲ ತುಂಬಿರುತ್ತದೆಂದು ಜನರನ್ನು ಹೊರಗೇ ನಿಲ್ಲಿಸುತ್ತಿದ್ದವರು ಅವರೇ. ಅದಕ್ಕಾಗಿ ಮ್ಯಾನೇಜರ್ ಕಾರ್ಡ್‌ವೆಲ್‌ನಿಂದ ಬೈಸಿಕೊಳ್ಳುತ್ತಿದ್ದವರೂ ಅವರೇ.

ಅಂದಿನಿಂದ ಅವರಿಗೆ ಗೇಲಿ ಶುರುವಾಯಿತು. ಅಕ್ಟೋಬರ್‌ನ ಆ ಬೆಳಗ್ಗೆ ಪಾದರಸ ಸರಸರ ಇಳಿಯುತ್ತಿತ್ತು. ಗೆಥಿನ್ ತಡೆದರು. ಹವೆಲ್ ಬೆನ್ನು ತಟ್ಟಿ, “ಏನ್ ಮಾರಾಯ, ನಿನ್ನ ಸ್ವಂತ ಭಾಮೈದ ಹೆದರ್ಬೇಡಿ ಅಂದಿದಾನೆ. ನೀನೇನು ಅವನಿಗಿಂತ ಜಾಣನಾ?” ಎಂದನಂತೆ. ಎಲ್ಲರೂ ನಕ್ಕರಂತೆ. ಹೊರಗಿನ ಯಾವ ಪಂಡಿತ ಬಂದು ಹೇಳಿದ್ದರೂ ನಮ್ಮವರು ಕಿವಿಗೆ ಹಾಕಿಕೊಳ್ಳುತ್ತಿರಲಿಲ್ಲ, ಎಮ್ರಿಸ್. ನೀನು ನಮ್ಮ ಹುಡುಗ ಎಂಬ ಹೆಮ್ಮೆಯಲ್ಲಿ ಒಳಗೆ ಹೋದರು. ಗೆಥಿನ್ ದಾರಿ ಬಿಟ್ಟರು. ಒಳಗೆ ಅನಿಲಕ್ಕೆ ಬೆಂಕಿ ಹತ್ತಿತು; ಹವೆಲ್ ಮತ್ತು ಅವನ ಜೊತೆಯವನು ಹೆಣವಾಗಿ ಮೇಲೆ ಬಂದರು.

ಇಷ್ಟಾಗಿದ್ದರೆ ಎಲ್ಲರೂ ಸೇರಿ ಮಾಡಿದ ತಪ್ಪು ಎಂದು ಅಳುತ್ತಿದ್ದೆ. ಆದರೆ ಮೊನ್ನೆ ವಿಚಾರಣೆಯಲ್ಲಿ ಕಾರ್ಡ್‌ವೆಲ್ ಎದ್ದುನಿಂತು ಹೇಳಿದ ಮಾತು ಕೇಳು. ಅಂದು ಭಾಷಣದ ನಂತರ ಅವನ ಮನೆಯ ಟೀ ಮೇಜಿನಲ್ಲಿ ನೀನು ಅವನಿಗೆ ಇಂಗ್ಲಿಷಿನಲ್ಲಿ ಸ್ಪಷ್ಟವಾಗಿ ತಿಳಿಸಿದ್ದೆಯಂತೆ: ಪಾದರಸ ಎಷ್ಟು ಕೆಳಗಿದೆ ಎಂಬುದು ಮುಖ್ಯವಲ್ಲ, ಆದರೆ ವೇಗವಾಗಿ ಇಳಿಯುತ್ತಿದ್ದರೆ ಹಳೆಯ ಸುರಂಗವನ್ನು ಆ ಕ್ಷಣವೇ ಖಾಲಿ ಮಾಡಿಸಬೇಕು. “ಅಷ್ಟು ಹತ್ತಿರದ ಸಂಬಂಧಿಕ, ಗೆಥಿನ್‌ಗೆ ಗೊತ್ತಿರುತ್ತದೆ ಅಂದುಕೊಂಡೆ” ಎಂದು ಕೈಚೆಲ್ಲಿದ. ಜನರನ್ನು ಒಳಗೆ ಬಿಟ್ಟ ತಪ್ಪಿಗೆ ಈಗ ಜೈಲಿಗೆ ಹೋಗಬೇಕಾಗಿ ಬಂದಿರುವುದು ನಿನ್ನ ಭಾವನಿಗೆ.

ನಮ್ಮವರಿಗೆ ನಮ್ಮ ಭಾಷೆಯಲ್ಲಿ ತಮಾಷೆ, ಅವನಿಗೆ ಅವನ ಭಾಷೆಯಲ್ಲಿ ಎಚ್ಚರಿಕೆ! ಯಾಕೆ ಹೀಗೆ ಮಾಡಿದೆ? ಚಪ್ಪಾಳೆ ನಿಲ್ಲುತ್ತದೆಂದೇ? ಇವರಿಗೆ ಅರ್ಥವಾಗುವುದಿಲ್ಲವೆಂದೇ? ಮರೆತೆಯೆಂದು ನಂಬಲು ಬಹಳ ಪ್ರಯತ್ನಪಟ್ಟೆ. ಆದರೆ ಟೀ ಕುಡಿಯುವ ಹೊತ್ತಿಗೆ ನೆನಪಾಯಿತಲ್ಲ! ಆಗ ಎರಡು ಬೀದಿ ಇಳಿದು ನಮ್ಮ ಮನೆಗೆ ಬರಬಹುದಿತ್ತು. ನಿನಗೆಂದು ಮಾಡಿದ ಒಣದ್ರಾಕ್ಷಿ ಬ್ರೆಡ್ಡನ್ನು ಹಾಗೇ ಮುಚ್ಚಿಟ್ಟುಕೊಂಡು ಕಾದಿದ್ದೆವು. ನೀನು ರೈಲಿಗೆ ಹೊತ್ತಾಯಿತೆಂದು ಹೇಳಿ ಕಳಿಸಿದೆ.

ನಿನ್ನ ಭಾವ ವಿಚಾರಣೆಯಲ್ಲಿ ನಿನ್ನ ಹೆಸರೇ ಎತ್ತುತ್ತಿಲ್ಲ. ನಾನು ಜಗಳ ತೆಗೆದರೆ, “ಇಡೀ ಊರಿಗೆ ಇರೋದು ಅವನೊಬ್ಬನೇ, ಕೈನಿ, ಅವನನ್ನೂ ಕಳ್ಕೋಬೇಕಾ?” ಎನ್ನುತ್ತಾರೆ. ಆ ಮಾತಿಗೆ ನೀನು ಅರ್ಹನೇ ಎಂಬುದು ನನಗೆ ತಿಳಿಯುತ್ತಿಲ್ಲ.

ದೇವರು ನಿನ್ನನ್ನು ಕಾಯಲಿ. ಸಿಟ್ಟಿದ್ದರೂ ಇದನ್ನು ಮನಸ್ಸಿನಿಂದಲೇ ಬರೆಯುತ್ತಿದ್ದೇನೆ.

ನಿನ್ನ ಅಕ್ಕ,
ಕೈನ್‌ವೆನ್

ಮರೆತಿದ್ದೆ: ವಿಚಾರಣಾಧಿಕಾರಿಗೆ ಸಾಕ್ಷಿಯಾಗಿ ನಿನ್ನ ಹೆಸರು ಕೊಟ್ಟು ಬಂದಿದ್ದೇನೆ. ಗೆಥಿನ್‌ಗೆ ಹೇಳಿಲ್ಲ, ಅಮ್ಮನಿಗೆ ಹೇಳಿದ್ದೇನೆ. ಗುರುವಾರ, ಅದೇ ಸಭಾಂಗಣ, ಅದೇ ವೇದಿಕೆ. ಅಮ್ಮ ಇಷ್ಟು ಬರೆಯಲು ಹೇಳಿದಳು: “ಟೀ ಕುಡೀತಾ ಅವನಿಗೆ ಹೇಳಿದ್ದನ್ನ, ಎದ್ದು ನಿಂತು ನಮ್ಮೋರಿಗೆ ನಮ್ಮ ಮಾತಲ್ಲಿ ಹೇಳು ಅನ್ನು. ಹವೆಲ್ ಹೆಂಡ್ತಿ ಮುಂದಿನ ಸಾಲಲ್ಲೇ ಕೂತಿರ್ತಾಳೆ.”