ಅಂಟಿಸಿದ ಕೂಗು

ಗುರುವಾರ, ಜೂನ್ ೧೧

ಮನಸ್ಸು ಒಂದು ಕಡೆ ನಿಲ್ಲುತ್ತಿಲ್ಲ. ಮೊನ್ನೆ ಮನೆಯವರ ವಾಟ್ಸಾಪ್ ಗ್ರೂಪಿನಲ್ಲಿ ಆ ವಿಡಿಯೋ ಬಂತು: ನಾಲ್ಕನೇ ಮಹಡಿಗೆ ಬಣ್ಣ ಬಳಿಯುತ್ತಿದ್ದವನು ಜಾರಿ ಬೀಳುವುದು. ಇಪ್ಪತ್ತು ವರ್ಷದಿಂದ ಸ್ಟುಡಿಯೋದಲ್ಲಿ ಸಿನಿಮಾಗಳಿಗೆ ಶಬ್ದ ಕೂರಿಸುವವಳು ನಾನು. ಅವನು ಬೀಳುವಾಗ ಕೇಳಿಸುವ ಕೂಗು ನಮ್ಮ ಸ್ಟುಡಿಯೋದ ಶಬ್ದಸಂಗ್ರಹದ್ದೇ, ನಾನೇ ಎಷ್ಟೋ ಸಲ ಬಳಸಿದ್ದೇನೆ. "ಶುದ್ಧ ಸುಳ್ಳು" ಎಂದು ಬರೆದುಬಿಟ್ಟೆ. "ನಮ್ಮ ಅತ್ತಿಗೆ ಕಿವಿಗೆ ಯಾರಿಂದಲೂ ಟೋಪಿ ಹಾಕೋಕಾಗಲ್ಲ!" ಎಂದು ನಾದಿನಿ ನಗಾಡಿದಳು. ನನಗೂ ಒಳಗೊಳಗೇ ಹೆಮ್ಮೆ.

ಇವತ್ತು ಸ್ಟುಡಿಯೋ ಗುಡಿಸುವವಳಿಗೂ ವಿಡಿಯೋ ತೋರಿಸಿ ಅದನ್ನೇ ಕೊಚ್ಚಿಕೊಂಡೆ. ಅವಳ ಕೈಯ ಪೊರಕೆ ನಿಂತಿತು.

"ಬಿದ್ದವನು ನನ್ನ ತಮ್ಮ ಕಣಕ್ಕಾ. ಹೋಗಿ ಒಂಬತ್ತು ದಿನ ಆಯ್ತು."

ಬಿದ್ದದ್ದು ನಿಜ, ಕೂಗು ಮಾತ್ರ ಯಾರೋ ಆಮೇಲೆ ಅಂಟಿಸಿದ್ದು. ದಿನವೂ ನಾನು ಮಾಡುವ ಕೆಲಸವೇ ಅದು. ಆದರೂ ಯಾಕೆ ಹೊಳೆಯಲಿಲ್ಲ? ಅಥವಾ ಹೊಳೆಯುವುದು ನನಗೆ ಬೇಕಿರಲಿಲ್ಲವೇ?

ತಪ್ಪಾಯಿತು ಎಂದೆ.

"ಅದಿರ್ಲಿ ಬಿಡಿ. ಅಮ್ಮ ಆ ಕೂಗನ್ನೇ ಮತ್ತೆ ಮತ್ತೆ ಹಾಕ್ಕೊಂಡು ಅಳ್ತಾ ಕೂತಿರ್ತಾಳೆ. ಅದು ಅವನ ದನಿ ಅಲ್ಲ ಅಂತ ನೀವೇ ಬಂದು ಹೇಳ್ಬಿಡಿ ಅಕ್ಕಾ."

ನಾಳೆ ಬರುತ್ತೇನೆ ಎಂದಿದ್ದೇನೆ. ಅದು ಅವನದಲ್ಲ ಎಂದು ಆಣೆಯಿಟ್ಟು ಹೇಳಬಲ್ಲೆ. ಆದರೆ ಆ ತಾಯಿ, ಹಾಗಾದರೆ ನನ್ನ ಮಗ ಕೂಗಲೇ ಇಲ್ಲವಾ ಎಂದು ಕೇಳಿದರೆ ಏನೆನ್ನಲಿ?