ಕೈಗೆ ಸಿಗದ ಕರೆಗಂಟೆ

ಮಾರ್ಚ್ ೧೪, ಗುರುವಾರ

ಇವತ್ತಿನ ಭಾಷಣವನ್ನು ನೋಟಿಸ್ ಬೋರ್ಡಿಗೆ ಬರೆದುಕೊಡಬೇಕಂತೆ, ಮೇಟ್ರನ್ ಅಪ್ಪಣೆ. ನರ್ಸ್ ಕೆಲಸದ ಸಾರ್ಥಕತೆಯ ಬಗ್ಗೆ ಹೊಸದಾಗಿ ಸೇರಿದ ಹುಡುಗಿಯರ ಮುಂದೆ ನಾನು ಕೊರೆದದ್ದು. ‘ರೋಗಿ ಕರೆಯುವ ಮೊದಲೇ ನಾವು ಅಲ್ಲಿರಬೇಕು’ ಎಂದಾಗ ಚಪ್ಪಾಳೆಯೋ ಚಪ್ಪಾಳೆ. ನಾನೂ ಉಬ್ಬಿಹೋದೆ.

ವಾರ್ಡಿಗೆ ಮರಳಿದರೆ ಏಳನೇ ಬೆಡ್ಡಿನ ಅಜ್ಜ ಒದ್ದೆ ಹಾಸಿಗೆಯಲ್ಲಿ ಗೋಡೆಯ ಕಡೆ ಮುಖ ಮಾಡಿ ಮಲಗಿದ್ದರು. ಲಕ್ವ ಹೊಡೆದವರು. ಬೆಳಿಗ್ಗೆ ಬೆಡ್‌ಶೀಟ್ ಬದಲಿಸುವಾಗ ಕರೆಗಂಟೆಯ ಸ್ವಿಚ್ಚನ್ನು ಕಿಟಕಿಯ ಮೇಲಿಟ್ಟು, ಮತ್ತೆ ಅವರ ಕೈಗೆ ಕೊಡಲು ಮರೆತವಳು ನಾನೇ.

“ತಪ್ಪಾಯ್ತು ಅಜ್ಜ,” ಎಂದೆ.

“ಇರ್ಲಿ ಬಿಡಮ್ಮ. ನಿನ್ ಭಾಷಣ ಮೈಕಲ್ಲಿ ಇಲ್ಲೀವರೆಗೂ ಕೇಳಿಸ್ತು. ಚೆನ್ನಾಗ್ ಮಾತಾಡ್ದೆ.”

ಮಾತಿನಲ್ಲಿ ಕೊಂಕಿರಲಿಲ್ಲ. ಬೈದಿದ್ದರೆ ನಿದ್ದೆಯಾದರೂ ಬರುತ್ತಿತ್ತು.

ಬರೆಯಲು ಕೂತಿದ್ದೇನೆ. ‘ಗಂಟೆಯನ್ನು ಮೊದಲು ರೋಗಿಯ ಕೈಗೆ ಕೊಡಿ.’ ಎರಡನೆಯ ಸಾಲು ಬರುತ್ತಿಲ್ಲ.